ಪಿಸುಮಾತು ಗುಡುಗಾಗುವ ಕೋಣೆ: ಆಡಿಯೋ ನಾಟಕಕ್ಕೆ ಕಟ್ಟುವ ಬಗೆ

ಆಡಿಯೋ ನಾಟಕಗಳಿಗೆ ಸದ್ದು ಕೂಡಿಸುವುದು ನನ್ನ ಕೆಲಸ. ಬರೆಯುವವರು ಆಗಾಗ ಒಂದು ಕೋಣೆ ಕೇಳುತ್ತಾರೆ. ಒಳಗೆ ಆಡಿದ ಮಾತು ಮತ್ತೆ ಮತ್ತೆ ಮರಳಬೇಕು, ಮರಳಿದಾಗೆಲ್ಲ ಜೋರಾಗಬೇಕು, ಕೊನೆಗೆ ಯೋಚನೆಯೂ ಹಾಗೇ ಬೆಳೆದು ಒಳಗಿದ್ದವನನ್ನು ಹಿಂಡಬೇಕು. ಸ್ಕ್ರಿಪ್ಟಿನಲ್ಲಿ ಸುಮ್ನೆ ‘ಭಯಂಕರ ಪ್ರತಿಧ್ವನಿ’ ಎಂದು ಬರೆದರೆ ಕೇಳುಗರಿಗೆ ಏನೂ ಆಗುವುದಿಲ್ಲ. ಇಂಥ ಕೋಣೆಗೆ ಲೆಕ್ಕ ಬೇಕು. ಲೆಕ್ಕ ಗಟ್ಟಿಯಿದ್ದರೆ ಭಯ ತಾನಾಗಿ ಬರುತ್ತದೆ.

ಮೊದಲು ಒಂದು ಸಂಖ್ಯೆ ತೀರ್ಮಾನಿಸಿ. ಸದ್ದು ಒಂದು ಸುತ್ತು ಹೋಗಿ ಬಂದಾಗ ಎಷ್ಟು ಪಟ್ಟಾಗಿರುತ್ತದೆ? ನಿಜವಾದ ಕೋಣೆಯಲ್ಲಿ ಇದು ಯಾವಾಗಲೂ 1ಕ್ಕಿಂತ ಕಡಿಮೆ. ಗೋಡೆ, ಗಾಳಿ, ಬಟ್ಟೆ ಎಲ್ಲವೂ ಸದ್ದನ್ನು ಒಂದಿಷ್ಟು ನುಂಗುತ್ತವೆ. ಸ್ಕಾಟ್ಲೆಂಡಿನ ಇಂಚಿನ್‌ಡೌನ್‌ನಲ್ಲಿ ನೆಲದಡಿಯ ಹಳೆಯ ತೈಲ ಟ್ಯಾಂಕುಗಳಿವೆ. ಅಲ್ಲಿ 125 ಹರ್ಟ್ಜ್‌ನ (ಸೆಕೆಂಡಿಗೆ 125 ಕಂಪನದ) ತಗ್ಗು ಸ್ವರ 60 ಡೆಸಿಬಲ್ (ಸದ್ದಿನ ಜೋರಿನ ಅಳತೆ) ಇಳಿಯಲು 112 ಸೆಕೆಂಡ್ ಬೇಕಾಗುತ್ತದೆ. ಅಷ್ಟು ಹೊತ್ತಾದರೂ ಇಳಿದೇ ಇಳಿಯುತ್ತದೆ. ನಿಮ್ಮ ಕೋಣೆಯಲ್ಲಿ ಇಳಿಯಬಾರದು. ಸ್ಪೀಕರಿನ ಎದುರು ಮೈಕ್ ಹಿಡಿದಾಗ ಕಿವಿ ಸೀಳುವ ಕೂಗು ಬರುತ್ತದೆ ಅಲ್ವಾ? ಅಲ್ಲಿ ಆ ಸಂಖ್ಯೆ 1ನ್ನು ದಾಟಿರುತ್ತದೆ.

ನಾನು 1.1 ಇಡುತ್ತೇನೆ. 2 ಅಥವಾ 3 ಇಟ್ಟರೆ ಎಲ್ಲವೂ ಕ್ಷಣದಲ್ಲಿ ಮುಗಿಯುತ್ತದೆ, ಪಾತ್ರಕ್ಕೆ ಹೆದರಲು ಸಮಯವೇ ಇರುವುದಿಲ್ಲ. 1.1 ಎಂದರೆ ಸುತ್ತಿಗೆ 0.83 ಡೆಸಿಬಲ್ ಏರಿಕೆ, ಕಿವಿಗೆ ಗೊತ್ತಾಗುವುದೇ ಕಷ್ಟ. ಪಿಸುಮಾತು ಸುಮಾರು 30 ಡೆಸಿಬಲ್. ಕಿವಿ ನೋಯುವುದು 120ರ ಆಸುಪಾಸಿನಲ್ಲಿ. ಅಲ್ಲಿಗೆ ತಲುಪಲು ಸುಮಾರು 109 ಸುತ್ತು ಸಾಕು.

ಇನ್ನು ಉದ್ದ. ಬರೆಯುವವರು ಕೋಣೆಯನ್ನು ಗುಹೆಯಷ್ಟು ದೊಡ್ಡದು ಮಾಡಲು ನೋಡುತ್ತಾರೆ, ಆದರೆ ಚಿಕ್ಕ ಕೋಣೆಯೇ ಹೆಚ್ಚು ಅಪಾಯ. ಗಾಳಿಯಲ್ಲಿ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಓಡುತ್ತದೆ. 5 ಮೀಟರ್ ಉದ್ದದ ಕೋಣೆಯಲ್ಲಿ 109 ಸುತ್ತು ಮೂರೇ ಸೆಕೆಂಡಿನಲ್ಲಿ ಮುಗಿಯುತ್ತದೆ. ನನಗೆ ಇಷ್ಟವಾದ ಅಳತೆ 34 ಮೀಟರ್. ಒಂದು ತುದಿಯಲ್ಲಿ ನಿಂತವನ ಮಾತು ಹೋಗಿ ಬರಲು 0.2 ಸೆಕೆಂಡ್ ಹಿಡಿಯುತ್ತದೆ. ತನ್ನದೇ ಮಾತು ಇಷ್ಟು ತಡವಾಗಿ ಕಿವಿಗೆ ಬಿದ್ದರೆ ಜನ ತೊದಲುತ್ತಾರೆ, ಅಕ್ಷರ ಎಳೆಯುತ್ತಾರೆ, ಹೇಳಿದ್ದನ್ನೇ ಮತ್ತೆ ಹೇಳುತ್ತಾರೆ. ಅಂದರೆ ಕೋಣೆ ಮೊದಲು ನಾಲಿಗೆಯನ್ನು ಹಿಡಿಯುತ್ತದೆ, ಕಿವಿಯ ಸರದಿ ಆಮೇಲೆ. ಪಿಸುಮಾತಿನಿಂದ ನೋವಿಗೆ ಸುಮಾರು 22 ಸೆಕೆಂಡ್. ಒಂದು ದೃಶ್ಯಕ್ಕೆ ಹದವಾದ ಸಮಯ.

ಅಗಲ 2 ಮೀಟರ್ ಇರಲಿ. ಅಷ್ಟು ಅಂತರದ ಎರಡು ಗೋಡೆಗಳ ನಡುವೆ 86 ಹರ್ಟ್ಜ್‌ನ ಸ್ವರ ಬೇಗ ಅಡಗದೆ ಮೊಳಗುತ್ತಲೇ ಇರುತ್ತದೆ. ಗಂಡಸರ ತಗ್ಗು ದನಿ ಹೆಚ್ಚುಕಡಿಮೆ ಅಲ್ಲೇ ಶುರುವಾಗುತ್ತದೆ. ಹಾಗಾಗಿ ಇಬ್ಬರು ಒಳಗೆ ಹೋದರೆ ದಪ್ಪ ದನಿಯವನಿಗೆ ಅಪಾಯ ಜಾಸ್ತಿ. ಪಾತ್ರ “ಬಾಗಿಲು ಎಲ್ಲಿದೆ?” ಎನ್ನುತ್ತಾನೆ ಎಂದಿಟ್ಟುಕೊಳ್ಳಿ. ಸುತ್ತು ಕಳೆದಂತೆ ಮೊದಲು ‘ಬ’, ‘ಗ’, ‘ದ’ಗಳ ಅಂಚು ಸವೆಯುತ್ತದೆ. ಆ, ಇ, ಉ, ಎ ಮಾತ್ರ ಉಳಿಯುತ್ತವೆ. ಆಮೇಲೆ ಅವೂ ಒಂದರೊಳಗೊಂದು ಸೇರಿ ಕೋಣೆಯ ಸ್ವರವಾಗುತ್ತವೆ. ಪ್ರಶ್ನೆ ಹೋಗಿ ಬರೀ ಗುಂಯ್‌ಗುಡುವಿಕೆ ಉಳಿಯುವ ಆ ಘಳಿಗೆಗೆ ಅವಸರ ಮಾಡಬೇಡಿ. ಇಡೀ ದೃಶ್ಯದ ಜೀವ ಅಲ್ಲಿದೆ.

ಈಗ ಯೋಚನೆ. ಗೋಡೆಗಳು ತಾವಾಗಿ ಶಕ್ತಿ ಹುಟ್ಟಿಸಲಾರವು. ಆ ಹೆಚ್ಚುವರಿ 0.1 ಎಲ್ಲಿಂದ ಬರುತ್ತದೆ ಎಂದು ಕಥೆ ಹೇಳಲೇಬೇಕು. ನನ್ನ ಉತ್ತರ: ಒಳಗಿದ್ದವನ ಗಮನದಿಂದ. ಅವನು ಸದ್ದಿಗೆ ಕಿವಿ ಕೊಟ್ಟಷ್ಟೂ ಅದು ಬೆಳೆಯುತ್ತದೆ. ಹಾಗಾದರೆ ಕೇಳದೆ ಇರಲಿ ಎನ್ನಬಹುದು. ಅದು ಆಗುವ ಮಾತಲ್ಲ. 1987ರಲ್ಲಿ ಮನಶ್ಶಾಸ್ತ್ರಜ್ಞ ಡೇನಿಯಲ್ ವೆಗ್ನರ್ ಮತ್ತು ಸಂಗಡಿಗರು ಕೆಲವರಿಗೆ ‘ಬಿಳಿ ಕರಡಿಯ ಬಗ್ಗೆ ಯೋಚಿಸಬೇಡಿ, ನೆನಪಾದರೆ ಗಂಟೆ ಬಾರಿಸಿ’ ಎಂದರು. ಅವರು ಗಂಟೆ ಬಾರಿಸುತ್ತಲೇ ಇದ್ದರು. ಆಮೇಲೆ ಯೋಚಿಸಲು ಬಿಟ್ಟಾಗ, ಮೊದಲಿಂದಲೂ ಯೋಚಿಸಲು ಬಿಟ್ಟವರಿಗಿಂತ ಅವರಿಗೇ ಕರಡಿ ಹೆಚ್ಚು ನೆನಪಾಯಿತು. ಇದನ್ನೇ ಕೋಣೆಯ ನಿಯಮ ಮಾಡಿ: ಒತ್ತಿಹಿಡಿದ ಯೋಚನೆಯೂ ಒಂದು ಸುತ್ತು.

ಪಾರಾಗುವ ದಾರಿಯೂ ಅದೇ ಲೆಕ್ಕದಲ್ಲಿರಲಿ. 1890ರ ದಶಕದಲ್ಲಿ ಹಾರ್ವರ್ಡಿನ ವಾಲೇಸ್ ಸೇಬಿನ್, ಮಾತು ಮೊಳಗುತ್ತಿದ್ದ ಉಪನ್ಯಾಸ ಕೋಣೆಗೆ ಸೀಟಿನ ಮೆತ್ತೆಗಳನ್ನು ತಂದು ತುಂಬಿ, ಸದ್ದು ಎಷ್ಟು ಬೇಗ ಅಡಗುತ್ತದೆ ಎಂದು ಅಳೆದರು. ನಿಮ್ಮ ಪಾತ್ರವೂ ಕಂಬಳಿಯನ್ನೋ ಕೋಟನ್ನೋ ಗೋಡೆಗೆ ಹರಡಲಿ. ಪ್ರತಿ ಸುತ್ತಿನಲ್ಲಿ ಹತ್ತನೇ ಒಂದು ಪಾಲು ನುಂಗಿದರೂ 1.1 ಹೋಗಿ 0.99 ಆಗುತ್ತದೆ. ಕೋಣೆ ಸೋಲುತ್ತದೆ, ಆದರೆ ತುಂಬಾ ನಿಧಾನವಾಗಿ. ಆ ನಿಧಾನ ನನಗೆ ಬಹಳ ಇಷ್ಟ. ಗುಂಡಿ ಒತ್ತಿದ ತಕ್ಷಣ ಮೌನವಾಗುವ ಕೊನೆಯನ್ನು ದಯವಿಟ್ಟು ಬರೆಯಬೇಡಿ.

ಸದ್ದು ಮಾಡುವಾಗ ಡಿಲೇ ಪ್ಲಗಿನ್ನಿನಲ್ಲಿ (ಸದ್ದನ್ನು ತಡಮಾಡಿ ಮರಳಿಸುವ ತಂತ್ರಾಂಶ) 200 ಮಿಲಿಸೆಕೆಂಡ್, ಫೀಡ್‌ಬ್ಯಾಕ್ (ಪ್ರತಿ ಸುತ್ತಿಗೆ ಮರಳುವ ಸದ್ದಿನ ಪ್ರಮಾಣ) 110 ಪ್ರತಿಶತ ಇಡಿ. ಅದಕ್ಕಿಂತ ಮೊದಲೇ ಎಲ್ಲ ಸದ್ದೂ ಸೇರುವ ಮಾಸ್ಟರ್ ಟ್ರ್ಯಾಕಿಗೆ ಲಿಮಿಟರ್ (ಸದ್ದು ಒಂದು ಮಿತಿ ದಾಟದಂತೆ ತಡೆಯುವ ಸಾಧನ) ಹಾಕಿ, ಹೆಡ್‌ಫೋನ್ ತೆಗೆದಿಟ್ಟು, ಸ್ಪೀಕರಿನ ವಾಲ್ಯೂಮ್ ತಗ್ಗಿಸಿ. ಇದನ್ನು ಬಿಡಲೇಬೇಡಿ. ಕೋಣೆ ಕಲ್ಪನೆಯದಾದರೂ ಕಿವಿ ನಿಮ್ಮದೇ. 85 ಡೆಸಿಬಲ್ ಸದ್ದನ್ನು ಎಂಟು ಗಂಟೆ ತಾಳಬಹುದು ಎನ್ನುವ ಅಳತೆಯಲ್ಲಿ 100 ಡೆಸಿಬಲ್‌ಗೆ ಸಿಗುವುದು 15 ನಿಮಿಷ ಮಾತ್ರ.

ಮಿಕ್ಸ್ ಮುಗಿದ ಮೇಲೆ ಫೋನಿನ ಸ್ಪೀಕರಿನಲ್ಲೂ ಕೇಳಿ. 86 ಹರ್ಟ್ಜ್ ಅದರಲ್ಲಿ ಬರುವುದೇ ಇಲ್ಲ. ಅದರ ಸುಮಾರು ಎರಡು, ಮೂರು, ನಾಲ್ಕು ಪಟ್ಟಾದ 172, 257, 343 ಹರ್ಟ್ಜ್‌ಗಳನ್ನು ತೆಳುವಾಗಿ ಸೇರಿಸಿದರೆ ಫೋನಿನಲ್ಲಿ ಕೇಳುವವರಿಗೂ ಆ ಸ್ವರ ತಲುಪುತ್ತದೆ.