'ಅವರ್ ಆಫ್ ಚಾರ್ಮ್' ಕೇಳುವುದು ಹೀಗೆ

ಅಮೆರಿಕದ ಈ ಹಳೇ ರೇಡಿಯೋ ಕಾರ್ಯಕ್ರಮಕ್ಕೆ ಅರ್ಧ ಗಂಟೆ ಬಿಡುವು ಸಾಕು. ಫಿಲ್ ಸ್ಪಿಟಾಲ್ನಿ ನಡೆಸುತ್ತಿದ್ದ ಆರ್ಕೆಸ್ಟ್ರಾ, ವಾದಕರೆಲ್ಲ ಹೆಂಗಸರೇ. 1948ರವರೆಗೆ ಪ್ರಸಾರವಾಯಿತು.

ಇಯರ್‌ಫೋನ್ ಹಾಕಿಕೊಳ್ಳಿ. ಗರಗರ ಸದ್ದು ತೆಗೆಯುವ ಫಿಲ್ಟರ್ ಮಾತ್ರ ಬೇಡ. ಅದು ಪಿಟೀಲಿನ ಮೇಲಿನ ಸ್ವರಗಳನ್ನೂ ನುಂಗಿಬಿಡುತ್ತದೆ. ನನಗಂತೂ ಪಿಟೀಲೇ ಜೀವ. ಹಾಗಾಗಿ ಮೊದಲ ಸಲ ಈ ಆರ್ಕೆಸ್ಟ್ರಾದ ಮುಖ್ಯ ಪಿಟೀಲುವಾದಕಿ ಎವೆಲಿನ್ ಅವರ ಪಿಟೀಲಿನ ಹಿಂದೆಯೇ ಹೋಗಿ, ಬೇರೇನೂ ಗಮನಿಸಬೇಡಿ.

ಎರಡನೇ ಸಲ ಟ್ರಂಪೆಟ್, ಟ್ರಾಂಬೋನ್, ಡ್ರಮ್‌ಗೆ ಕಿವಿ ಕೊಡಿ. ಆ ಕಾಲದ ದೊಡ್ಡ ಬ್ಯಾಂಡ್‌ಗಳು ಹೆಂಗಸರನ್ನು ಹಾಡಲು ಕರೆಯುತ್ತಿದ್ದವು, ಟ್ರಂಪೆಟ್ ಊದಲು ಕರೆದದ್ದು ಅಪರೂಪ. ಇಲ್ಲಿ ಊದುವವರೂ ಬಾರಿಸುವವರೂ ಅವರೇ ಅಲ್ವಾ! ಕೋರಸ್‌ನಲ್ಲೂ ವಾದಕಿಯರದೇ ದನಿ.

ಜಾಹೀರಾತು ಬಂದರೆ ಓಡಿಸಬೇಡಿ. ಜನರಲ್ ಎಲೆಕ್ಟ್ರಿಕ್ ಹೆಸರು ಕೇಳಿಸಿತೆಂದರೆ, ಅದು ಆ ಕಂಪನಿ ಪ್ರಾಯೋಜಿಸಿದ ವರ್ಷಗಳ ಸಂಚಿಕೆ.