ಓಟು ಕೇಳಲು ಬಂದವರನ್ನು ಐದು ನಿಮಿಷ ನಿಲ್ಲಿಸಿ

ಮಂಗಳೂರಿನ ಉರ್ವಾಸ್ಟೋರಿನ ಹತ್ತಿರ ನನ್ನದೊಂದು ಸಣ್ಣ ಜೆರಾಕ್ಸ್ ಅಂಗಡಿ ಉಂಟು. ಲಾಲ್‌ಬಾಗಿನ ಪಾಲಿಕೆ ಕಚೇರಿ ಇಲ್ಲಿಂದ ದೂರವಿಲ್ಲ. ಮನೆ ತೆರಿಗೆ ಕಟ್ಟುವವರು, ಖಾತೆ ಬದಲಾವಣೆಗೆ ಅರ್ಜಿ ಹಾಕುವವರು, ನೀರಿನ ಬಿಲ್ಲು ಜಾಸ್ತಿ ಬಂತು ಎಂದು ದೂರು ಕೊಡಲು ಹೊರಟವರು, ಎಲ್ಲರೂ ಕಚೇರಿಗೆ ಹೋಗುವ ಮೊದಲು ನನ್ನಲ್ಲಿಗೆ ಬರುತ್ತಾರೆ. ಜೆರಾಕ್ಸಿನ ಜೊತೆಗೆ ಅರ್ಜಿಯನ್ನೂ ತುಂಬಿಸಿ ಕೊಡುತ್ತೇನೆ. ಪಾಲಿಕೆ ಚುನಾವಣೆಯ ಮಾತು ಎದ್ದಾಗ ಇವರೇ ಕೇಳುತ್ತಾರೆ: "ಅಕ್ಕ, ಮನೆಗೆ ಓಟು ಕೇಳಲು ಬರ್ತಾರಲ್ವಾ, ಅವರ ಹತ್ತಿರ ನಾವು ಏನು ಕೇಳುವುದು?" ಅವರಿಗೆ ಹೇಳುವುದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಮತದಾರರ ಪಟ್ಟಿ ನೋಡಿ. ವಿಧಾನಸಭೆಗೆ ಓಟು ಹಾಕಿದ್ದೇನೆ, ಇಲ್ಲೂ ಹೆಸರು ಇದ್ದೇ ಇರುತ್ತದೆ ಎಂದು ಸುಮ್ನೆ ಕೂರಬೇಡಿ. ಪಾಲಿಕೆ ಚುನಾವಣೆ ನಡೆಸುವುದು ರಾಜ್ಯ ಚುನಾವಣಾ ಆಯೋಗ. ವಿಧಾನಸಭೆಯ ಪಟ್ಟಿಯನ್ನೇ ತೆಗೆದುಕೊಂಡು ವಾರ್ಡು ವಾರ್ಡಾಗಿ ವಿಂಗಡಿಸುತ್ತಾರೆ. ಹೀಗೆ ವಿಂಗಡಿಸುವಾಗ ರಸ್ತೆಯ ಈ ಬದಿಯ ಮನೆ ಒಂದು ವಾರ್ಡಿಗೂ ಆ ಬದಿಯದು ಇನ್ನೊಂದಕ್ಕೂ ಹೋಗುತ್ತದೆ. ಗಡಿಯಲ್ಲಿರುವ ಮನೆಯವರ ಹೆಸರು ತಪ್ಪು ವಾರ್ಡಿಗೆ ಸೇರುವ ಸಂಭವ ಜಾಸ್ತಿ. ಕರಡು ಪಟ್ಟಿ ಬಂದಾಗ ಆಕ್ಷೇಪಣೆಗೆ ಕೆಲವು ದಿನ ಕೊಡುತ್ತಾರೆ. ಆ ದಿನಗಳಲ್ಲೇ ಹೋಗಿ ಮನೆಯ ಎಲ್ಲರ ಹೆಸರು ನೋಡಿಕೊಳ್ಳಿ. ಮದುವೆಯಾಗಿ ಬಂದ ಸೊಸೆಯದು, ಹದಿನೆಂಟು ತುಂಬಿದ ಮಗಳದು ಮರೆಯಬೇಡಿ.

ಎರಡನೆಯದು, ಕಾರ್ಪೊರೇಟರ್ ಕೈಯಲ್ಲಿ ಏನಿದೆ, ಏನಿಲ್ಲ ಎಂದು ತಿಳಿದುಕೊಳ್ಳುವುದು. ಇದಕ್ಕೆ ಸ್ವಲ್ಪ ಸಮಯ ಕೊಡಿ, ಯಾಕೆಂದರೆ ಬಹಳ ಜನ ಎಡವುವುದು ಇಲ್ಲೇ. 2019ರ ಪಾಲಿಕೆ ಚುನಾವಣೆ ಸಮಯದಲ್ಲಿ ಪಂಪ್‌ವೆಲ್ ಮೇಲ್ಸೇತುವೆ ಇನ್ನೂ ತೆರೆದಿರಲಿಲ್ಲ. ಎಲ್ಲಿ ಹೋದರೂ ಅದೇ ಮಾತು. ಆದರೆ ಅದು ಹೆದ್ದಾರಿ ಪ್ರಾಧಿಕಾರದ ಕೆಲಸ, ಕಾರ್ಪೊರೇಟರ್ ಮಾಡುವಂಥದ್ದಲ್ಲ. 2020ರ ಜನವರಿ ಕೊನೆಗೆ ಅದು ತೆರೆಯಿತು. ಕರೆಂಟು ಹೋದರೆ ಮೆಸ್ಕಾಂ. ಹೊಸ ಲೇಔಟಿಗೆ ಒಪ್ಪಿಗೆ ಮುಡಾದ್ದು, ಅಂದರೆ ನಗರಾಭಿವೃದ್ಧಿ ಪ್ರಾಧಿಕಾರದ್ದು. ಸ್ಮಾರ್ಟ್ ಸಿಟಿ ಕೆಲಸಕ್ಕೆ ಬೇರೆಯೇ ಕಂಪನಿ ಇತ್ತು. ದಿನದ ಇಪ್ಪತ್ನಾಲ್ಕು ಗಂಟೆ ನೀರು ಕೊಡುತ್ತೇವೆ ಎಂದು ರಸ್ತೆ ಅಗೆದ ಜಲಸಿರಿ ಯೋಜನೆ ಕೆಯುಐಡಿಎಫ್‌ಸಿ ಎಂಬ ರಾಜ್ಯ ಸರ್ಕಾರದ ಸಂಸ್ಥೆಯದು, ಏಷ್ಯನ್ ಡೆವಲಪ್‌ಮೆಂಟ್ ಬ್ಯಾಂಕಿನ ಸಾಲದ್ದು. ಇವನ್ನೆಲ್ಲ ಅಭ್ಯರ್ಥಿಯ ಹತ್ತಿರ ಕೇಳಿದರೆ "ಮೇಲಿನವರಿಗೆ ಹೇಳ್ತೇವೆ" ಎಂಬ ಉತ್ತರ ಸುಲಭವಾಗಿ ಬರುತ್ತದೆ. ಮಾತು ಅಲ್ಲಿಗೆ ಮುಗಿಯಿತು.

ಹಾಗಾದರೆ ಅವರ ಕೈಯಲ್ಲಿರುವುದು ಏನು? ನಿಮ್ಮ ಅಡ್ಡರಸ್ತೆ, ಚರಂಡಿ, ಮಳೆನೀರಿನ ತೋಡು, ದಾರಿದೀಪ, ಕಸದ ಗಾಡಿ, ಒಳಚರಂಡಿಯ ಮ್ಯಾನ್‌ಹೋಲ್, ಪಾರ್ಕು, ಅಂಗಡಿಯ ಪರವಾನಗಿ. ಇನ್ನೊಂದು ದೊಡ್ಡದು ಉಂಟು: ಪಾಲಿಕೆಯ ಬಜೆಟ್ಟಿಗೆ ಕೈ ಎತ್ತುವುದು ಇವರೇ. ತೆರಿಗೆ ಮತ್ತು ಹಣಕಾಸು, ಆರೋಗ್ಯ, ನಗರ ಯೋಜನೆ, ಲೆಕ್ಕಪತ್ರ ಎಂದು ನಾಲ್ಕು ಸ್ಥಾಯಿ ಸಮಿತಿಗಳು ಇವೆ. ಈಗಾಗಲೇ ಸದಸ್ಯರಾಗಿದ್ದವರು ಮತ್ತೆ ಓಟು ಕೇಳಲು ಬಂದರೆ, "ನೀವು ಯಾವ ಸಮಿತಿಯಲ್ಲಿ ಇದ್ರಿ, ಅಲ್ಲಿ ಏನು ಮಾತಾಡಿದ್ರಿ?" ಎಂದು ಕೇಳಿ. ಇದನ್ನು ಯಾರೂ ಕೇಳುವುದಿಲ್ಲ. ಕೆಲಸ ಮಾಡಿದವರು ಖುಷಿಯಿಂದ ಹೇಳುತ್ತಾರೆ.

ಮೂರನೆಯದು ನನಗೆ ಎಲ್ಲಕ್ಕಿಂತ ಮುಖ್ಯ. ಒಂದೇ ಒಂದು ವಿಷಯ ಕೇಳಿ. ಮನೆಯ ಹತ್ತಿರದ್ದು, ಕಣ್ಣಿಗೆ ಕಾಣುವಂಥದ್ದು, ಆಯಿತೋ ಇಲ್ಲವೋ ಎಂದು ಆಮೇಲೆ ಯಾರು ಬೇಕಾದರೂ ಹೇಳಬಹುದಾದದ್ದು. "ವಾರ್ಡಿನ ಅಭಿವೃದ್ಧಿ ಮಾಡ್ತೀರಾ?" ಎಂದರೆ ಯಾರು ಇಲ್ಲ ಎನ್ನುತ್ತಾರೆ?

ನನ್ನ ಅಂಗಡಿಗೆ ಬರುವ ಒಬ್ಬರು ವಯಸ್ಸಾದ ಹೆಂಗಸು (ನಾವೆಲ್ಲ ಅವರನ್ನು "ಬಾಯಿ" ಎಂದೇ ಕರೆಯುವುದು) ಇದನ್ನು ಮಾಡಿದ ರೀತಿ ನನಗೆ ತುಂಬ ಇಷ್ಟ. 2019ರಲ್ಲಿ ಓಟು ಕೇಳಲು ಬಂದ ಅಭ್ಯರ್ಥಿಯನ್ನು ಅವರು ಮೆಟ್ಟಿಲಲ್ಲಿ ನಿಲ್ಲಿಸಿ ಮಾತಾಡಲಿಲ್ಲ. ಗೇಟಿನ ಹೊರಗೆ ಕರೆದುಕೊಂಡು ಹೋದರು. ರಸ್ತೆಯ ಅಡಿಯ ಮೋರಿಗೆ ಕೊಡೆಯ ತುದಿ ಇಳಿಸಿ ತೋರಿಸಿದರು. ಒಂದು ಗೇಣು ಹೋಗುವಷ್ಟರಲ್ಲಿ ಕೊಡೆ ನಿಂತಿತು. ಒಳಗೆ ಮಣ್ಣು, ತೆಂಗಿನ ಗರಿ, ಹಾಲಿನ ಪ್ಯಾಕೆಟ್ಟು. ಮಳೆಗಾಲದಲ್ಲಿ ತೋಡಿನ ನೀರು ಇಲ್ಲಿ ತಿರುಗಿ ಅವರ ಅಂಗಳಕ್ಕೆ ನುಗ್ಗುತ್ತಿತ್ತು. "ಎಲ್ಲ ಮಾಡುವ, ಬಾಯಿ" ಎಂದರು ಅಭ್ಯರ್ಥಿ. "ಎಲ್ಲ ಬೇಡ ಮಗಾ, ಇದೊಂದು ಹೇಳು. ಯಾವ ತಿಂಗಳಲ್ಲಿ ಹೂಳು ತೆಗೆಸ್ತಿ?" ಎಂದು ನೋಟ್‌ಬುಕ್ ಮುಂದೆ ಹಿಡಿದರು. ಅಭ್ಯರ್ಥಿ ಏಪ್ರಿಲ್ ಎಂದು ಬರೆದು ಸಹಿ ಹಾಕಿದರು. ಗೆದ್ದರು. ಆ ಏಪ್ರಿಲಿನಲ್ಲಿ ಲಾಕ್‌ಡೌನ್. ಆದರೂ ಆ ಹೆಂಗಸು ಸುಮ್ಮನೆ ಬಿಡಲಿಲ್ಲ. ಮೇ ತಿಂಗಳಲ್ಲಿ ಆ ಪುಟದ ಫೋಟೋ ವಾಟ್ಸಾಪಿನಲ್ಲಿ ಕಳಿಸಿ ಫೋನ್ ಮಾಡಿದರು. ಮಳೆ ಹಿಡಿಯುವ ಮೊದಲು ಹೂಳು ತೆಗೆಯುವವರು ಬಂದರು.

ತಿಂಗಳು ಕೇಳಿದ್ದರಿಂದ ಇದು ಆಯಿತು. ಮಂಗಳೂರಿನಲ್ಲಿ ತೋಡಿನ ಕೆಲಸ ಮೇ ಒಳಗೆ ಮುಗಿಯಬೇಕು. ಜೂನ್ ಮಳೆ ಬಿದ್ದ ಮೇಲೆ ಮಾಡಿದರೆ ಪ್ರಯೋಜನ ಇಲ್ಲ. ಕೊಟ್ಟಾರ ಚೌಕಿಯಲ್ಲಿ ನೀರು ನಿಂತದ್ದನ್ನು ನೀವೂ ಎಷ್ಟು ಸಲ ನೋಡಿಲ್ಲ? ಹಾಗೆಯೇ ನೀರಿನ ಪ್ರಶ್ನೆಯನ್ನು ಬೇಸಿಗೆಗೆ ಕಟ್ಟಿ ಕೇಳಿ. ತುಂಬೆಯ ಕಿಂಡಿ ಅಣೆಕಟ್ಟಿನಲ್ಲಿ ನೇತ್ರಾವತಿ ನೀರು ಇಳಿದು 2016, 2019, 2023ರಲ್ಲಿ ನಗರಕ್ಕೆ ನೀರು ಸರದಿಯಲ್ಲಿ ಬಿಡಬೇಕಾಯಿತು. "ಸರದಿ ಬಂದಾಗ ನಮ್ಮ ಗುಡ್ಡದ ಮೇಲಿನ ಮನೆಗಳಿಗೆ ಟ್ಯಾಂಕರ್ ಯಾರು ಕಳಿಸುವುದು, ಯಾವ ನಂಬರಿಗೆ ಫೋನ್ ಮಾಡುವುದು?" ಇದು ಒಳ್ಳೆಯ ಪ್ರಶ್ನೆ. ಉಡುಪಿಯವರು ಸ್ವರ್ಣಾ ನದಿಯ ಬಜೆ ಅಣೆಕಟ್ಟು ಇಟ್ಟುಕೊಂಡು ಇದನ್ನೇ ಕೇಳಬಹುದು.

ಕಸದ ವಿಷಯ ಕೇಳುವಾಗ ದಯವಿಟ್ಟು ನಿಮ್ಮ ಗೇಟಿನ ಹೊರಗೂ ನೋಡಿ. ಗಾಡಿ ಬಂತಾ, ಇಲ್ವಾ ಎಂಬುದಷ್ಟೇ ಅಲ್ಲ. 2019ರ ಆಗಸ್ಟ್ ಮಳೆಗೆ ಪಚ್ಚನಾಡಿಯ ಕಸದ ರಾಶಿ ಜಾರಿ ಮಂದಾರದ ಮನೆಗಳ, ಅಡಿಕೆ ತೋಟಗಳ ಮೇಲೆ ಹರಿಯಿತು. ನಮ್ಮ ನಿಮ್ಮ ಅಡುಗೆ ಮನೆಯ ಕಸ ಅದು. ಆ ಮನೆಗಳನ್ನು ಬಿಟ್ಟು ಹೋದವರನ್ನು ನೆನೆದರೆ ನನಗೆ ಈಗಲೂ ಹೊಟ್ಟೆ ಉರಿಯುತ್ತದೆ. ಆದ್ದರಿಂದ ಕೇಳಿ: ನಮ್ಮ ವಾರ್ಡಿನಲ್ಲಿ ಬೇರೆ ಮಾಡಿ ಕೊಟ್ಟ ಹಸಿ ಕಸ, ಒಣ ಕಸ ಗಾಡಿಯಲ್ಲೂ ಬೇರೆಯಾಗಿಯೇ ಹೋಗುತ್ತದಾ?

ಕೇಳುವ ಹಕ್ಕು ನಮಗೆ ಇದೆಯಾ ಎಂದು ಕೆಲವರು ಹಿಂಜರಿಯುತ್ತಾರೆ. ಅವರಿಗೆ ನಾನು ಅವರದೇ ತೆರಿಗೆ ರಶೀದಿ ತೋರಿಸುತ್ತೇನೆ. ಏಪ್ರಿಲಿನಲ್ಲಿ ನೂರಕ್ಕೆ 5 ರಿಯಾಯಿತಿ ಸಿಗುತ್ತದೆ ಎಂದು ಓಡಿ ಹೋಗಿ ಕಟ್ಟುವ ಕಾಗದ ಅದು. ಯಾರೂ ಪೂರ್ತಿ ಓದುವುದಿಲ್ಲ. ಮನೆ ತೆರಿಗೆಯ ಜೊತೆಗೆ ಗ್ರಂಥಾಲಯ ಕರ ನೂರಕ್ಕೆ 6, ಭಿಕ್ಷುಕರ ಪುನರ್ವಸತಿಗೆ 3, ಆರೋಗ್ಯಕ್ಕೆ 15. ಕಸ ವಿಲೇವಾರಿಯ ಕರ ಬೇರೆ. ಆ ರಶೀದಿಯ ಒಂದು ಜೆರಾಕ್ಸ್ ಕೈಯಲ್ಲಿ ಹಿಡಿದು ಮಾತಾಡಿ. ಧ್ವನಿ ತಾನಾಗಿಯೇ ಗಟ್ಟಿಯಾಗುತ್ತದೆ. ತುಳುವಿನಲ್ಲೋ ಕೊಂಕಣಿಯಲ್ಲೋ ಬ್ಯಾರಿಯಲ್ಲೋ, ನಿಮಗೆ ಹೇಗೆ ಸಲೀಸೋ ಹಾಗೆ ಕೇಳಿ.

ವಾರ್ಡ್ ಸಮಿತಿಯ ಬಗ್ಗೆ ಎಲ್ಲ ಪಕ್ಷದವರನ್ನೂ ಕೇಳಲೇಬೇಕು. ಕಾನೂನಿನಲ್ಲಿ ಇದೆ: ಕಾರ್ಪೊರೇಟರ್ ಅಧ್ಯಕ್ಷರು, ಜೊತೆಗೆ ಹತ್ತು ಜನ ಸದಸ್ಯರು, ಅದರಲ್ಲಿ ಕನಿಷ್ಠ ಮೂವರು ಹೆಂಗಸರು, ತಿಂಗಳಿಗೊಮ್ಮೆ ಸಭೆ. ಮಂಗಳೂರಿನಲ್ಲಿ ಈ ಸಮಿತಿಗಳು ಆಗಬೇಕು ಎಂದು ನಾಗರಿಕರು ಹೈಕೋರ್ಟಿಗೆ ಹೋಗಬೇಕಾಯಿತು. "ಸಭೆ ಮಾಡ್ತೀರಾ?" ಎಂದು ಕೇಳಬೇಡಿ. "ಪ್ರತಿ ತಿಂಗಳು ಯಾವ ವಾರ, ಎಲ್ಲಿ, ನೋಟಿಸು ಎಲ್ಲಿ ಅಂಟಿಸ್ತೀರಿ?" ಎಂದು ಕೇಳಿ. ಅಭ್ಯರ್ಥಿ ಹೆಂಗಸಾಗಿದ್ದರೆ ಅವರ ಹತ್ತಿರವೇ ಮಾತಾಡಿ, ಪಕ್ಕದಲ್ಲಿ ನಿಂತ ಗಂಡನ ಹತ್ತಿರ ಅಲ್ಲ. ಅರ್ಧದಷ್ಟು ಸೀಟು ಹೆಂಗಸರಿಗೆ ಮೀಸಲು ಇರುವುದು ಅವರೇ ಉತ್ತರ ಕೊಡಲಿ ಎಂದು.

ಇನ್ನೊಂದು ಮಾತು. ಪಾಲಿಕೆಯ 60 ಸದಸ್ಯರ ಅವಧಿ 2025ರ ಫೆಬ್ರವರಿಯಲ್ಲಿ ಮುಗಿಯಿತು. ಅವಧಿ ಮುಗಿಯುವ ಮೊದಲೇ ಚುನಾವಣೆ ಆಗಬೇಕು ಎಂದು ಸಂವಿಧಾನವೇ ಹೇಳುತ್ತದೆ. ಆಗಲಿಲ್ಲ, ಆಡಳಿತಾಧಿಕಾರಿ ಬಂದರು. ಇದು ಹಳೆಯ ರೋಗ. 2013ರ ಮಾರ್ಚಿನಲ್ಲಿ ನಾವು ಓಟು ಹಾಕಿದ್ದಕ್ಕೆ ಮೇಯರ್ ಬಂದದ್ದು 2014ರ ಮಾರ್ಚಿಗೆ. ಉಡುಪಿ ನಗರಸಭೆಯ 35 ವಾರ್ಡಿಗೆ 2018ರಲ್ಲಿ ಓಟು, ಅಧ್ಯಕ್ಷರು 2020ಕ್ಕೆ. ಎರಡು ಕಡೆಯೂ ಮೀಸಲಾತಿ ಪಟ್ಟಿಯ ತಕರಾರು. ಹೀಗೆ ಕೇಳುವವರಿಲ್ಲದ ಕಾಲ ಬಂದಾಗ ಬಾಯಿಮಾತಿನ ದೂರು ಎಲ್ಲೋ ಹೋಗಿಬಿಡುತ್ತದೆ. ಕಾಗದ ಮಾತ್ರ ಉಳಿಯುತ್ತದೆ.

ಹಾಗಾಗಿ ನಿಮ್ಮ ಪ್ರಶ್ನೆಯನ್ನು ಒಂದು ಹಾಳೆಯಲ್ಲಿ ಬರೆದಿಡಿ. ಮೇಲೆ ತಾರೀಕು, ಕೆಳಗೆ ಉತ್ತರಕ್ಕೆ ಜಾಗ. ಬಂದ ಎಲ್ಲ ಅಭ್ಯರ್ಥಿಗಳಿಗೂ ಅದೇ ಹಾಳೆ ಕೊಡಿ, ಸಹಿ ಹಾಕಿಸಿಕೊಳ್ಳಿ. ಸಹಿ ಹಾಕದಿದ್ದರೆ ಜಗಳ ಬೇಡ, ಹಾಕಲಿಲ್ಲ ಎಂದು ಬರೆದುಕೊಳ್ಳಿ. ಗೆದ್ದವರು ಕೆಲಸ ಆಯಿತು ಎಂದು ಹೇಳಿ, ನಿಮಗೆ ಕಾಣದೇ ಹೋದರೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಪೋಸ್ಟಲ್ ಆರ್ಡರ್ ಆಗುತ್ತದೆ. ಬಿಪಿಎಲ್ ಕಾರ್ಡಿನವರಿಗೆ ಶುಲ್ಕ ಇಲ್ಲ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ಉತ್ತರ 30 ದಿನದಲ್ಲಿ ಬರಬೇಕು. ಯಾವ ರಸ್ತೆ, ಎಲ್ಲಿಂದ ಎಲ್ಲಿಗೆ ಎಂದು ಬರೆದು ಮೂರೇ ಕಾಗದ ಕೇಳಿ: ಅಂದಾಜು ಪಟ್ಟಿ, ಕಾರ್ಯಾದೇಶ, ಅಳತೆ ಪುಸ್ತಕದ ಪ್ರತಿ. ಅಳತೆ ಪುಸ್ತಕದಲ್ಲಿ ಚರಂಡಿಯ ಉದ್ದ, ಅಗಲ, ಆಳ ಎಲ್ಲ ಇರುತ್ತದೆ. ಟೇಪು ಹಿಡಿದು ಹೋಗಿ ಅಳೆದು ನೋಡಿ. ಅರ್ಜಿ ಕೊಡುವಾಗ ನಿಮ್ಮ ಪ್ರತಿಯ ಮೇಲೆ ಕಚೇರಿಯ ಸೀಲು, ತಾರೀಕು ಹಾಕಿಸಿಕೊಳ್ಳಲು ಮಾತ್ರ ಮರೆಯಬೇಡಿ, 30 ದಿನದ ಲೆಕ್ಕ ಅಲ್ಲಿಂದಲೇ ಶುರು.