ನಡೆದು ಕಲಿತದ್ದು, ಕುಳಿತು ಕಂಡದ್ದು

ಹನ್ನೊಂದು ವರ್ಷ ಮಾಡಿದ ನೌಕರಿಯನ್ನು ಬಿಟ್ಟು, ಬಾಡಿಗೆ ಮನೆಯ ಬೀಗದ ಕೈಯನ್ನು ಮಾಲೀಕರಿಗೆ ಒಪ್ಪಿಸಿ, ಹೆಗಲಿಗೊಂದು ಚೀಲ ಹಾಕಿಕೊಂಡು ಒಬ್ಬನೇ ಹೊರಟಾಗ ನನಗಿದ್ದ ಆಸೆ ಒಂದೇ: ಯಾರಿಗೂ ಲೆಕ್ಕ ಒಪ್ಪಿಸದೆ ಲೋಕವನ್ನು ನೋಡುವುದು. ಆದರೆ ಮೊದಲ ತಿಂಗಳು ನಾನು ನೋಡಿದ್ದಕ್ಕಿಂತ ನಡೆದದ್ದೇ ಹೆಚ್ಚು. ದಿನಕ್ಕೆ 25 ಕಿಲೋಮೀಟರ್ ನಡೆದು ಸಂಜೆ ಅದನ್ನು ಪುಸ್ತಕದಲ್ಲಿ ಬರೆದಿಡುತ್ತಿದ್ದೆ. ಹಿಮ್ಮಡಿಯಲ್ಲಿ ಬೊಬ್ಬೆಯೆದ್ದು ಮೂರು ದಿನ ಒಂದೇ ಮರದ ಕೆಳಗೆ ಕೂರಬೇಕಾಗಿ ಬಂದಾಗಲೇ, ಬಿಟ್ಟುಬಂದ ನೌಕರಿಯ ಗುರಿ, ಗಡುವುಗಳನ್ನು ಕಾಲಿಗೆ ಕಟ್ಟಿಕೊಂಡು ತಿರುಗುತ್ತಿದ್ದೇನೆಂಬುದು ನನಗೆ ಹೊಳೆದದ್ದು.

ಆ ಮರದ ಎರಡು ರೆಂಬೆಗಳ ನಡುವೆ ಜೇಡವೊಂದು ಬಲೆ ಕಟ್ಟುತ್ತಿತ್ತು. ಬಂಡಿಯ ಚಕ್ರದ ಅರೆಗಳಂತೆ ಎಳೆಗಳನ್ನು ಹಾಯಿಸಿದ ಮೇಲೆ, ಅದು ಮೊದಲು ಅಂಟಿಲ್ಲದ ನೂಲಿನಿಂದ ನಡುವಿನಿಂದ ಅಂಚಿನ ಕಡೆಗೆ ವಿರಳವಾದ ಸುರುಳಿಯೊಂದನ್ನು ಹಾಕಿತು. ಅನಂತರ ಅಂಚಿನಿಂದ ಒಳಮುಖವಾಗಿ ತಿರುಗಿ, ಅಂಟಿನ ನೂಲನ್ನು ಒತ್ತೊತ್ತಾಗಿ ಹೆಣೆಯುತ್ತ, ತಾನೇ ಹಾಕಿದ್ದ ಮೊದಲ ಸುರುಳಿಯನ್ನು ಹೆಜ್ಜೆಹೆಜ್ಜೆಗೂ ಕಿತ್ತುಹಾಕಿತು. ಗೋಡೆ ಎದ್ದ ಮೇಲೆ ಕಳಚುವ ಸಾರುವೆಯಂತಿತ್ತು ಅದು. ಅಷ್ಟು ಕಾಲ ಸಿದ್ಧವಾದ ಬಲೆಗಳನ್ನು ಎಷ್ಟೋ ನೋಡಿದ್ದ ನಾನು, ಆ ಸಾರುವೆಯನ್ನು ಒಮ್ಮೆಯೂ ಕಂಡಿರಲಿಲ್ಲ.

ಅಂದಿನಿಂದ ದೂರವನ್ನು ಬರೆಯುವುದನ್ನು ಬಿಟ್ಟೆ. ಒಂದು ಜಾಗಕ್ಕೆ ಬಂದರೆ, ನನ್ನ ಬರವಿನಿಂದ ಬೆದರಿ ಸುಮ್ಮನಾದ ಹಕ್ಕಿಗಳು ಮತ್ತೆ ಕೂಗುವವರೆಗೆ ಕದಲದೆ ಕೂರುತ್ತೇನೆ. ಆಮೇಲಷ್ಟೇ ಬರೆಯುತ್ತೇನೆ, ಅದೂ ಸೀಸದ ಕಡ್ಡಿಯಲ್ಲಿ, ಏಕೆಂದರೆ ಮೊದಲ ಮಳೆಗೆ ಶಾಯಿ ಹರಡಿ ಆರು ವಾರಗಳ ಟಿಪ್ಪಣಿ ಅಳಿಸಿಹೋಗಿತ್ತು. ರಾತ್ರಿ ಟಾರ್ಚ್ ಹಚ್ಚುವುದಿಲ್ಲ. ಕಣ್ಣು ಕತ್ತಲಿಗೆ ಚೆನ್ನಾಗಿ ಹೊಂದಿಕೊಳ್ಳಲು 20ರಿಂದ 30 ನಿಮಿಷ ಹಿಡಿಯುತ್ತದೆ, ಬೆಳಕು ಒಮ್ಮೆ ಕಣ್ಣಿಗೆ ಹೊಡೆದರೆ ಆ ಕಾಯುವಿಕೆಯೆಲ್ಲ ವ್ಯರ್ಥ.

ಒಂಟಿತನ ಕಾಡಲಿಲ್ಲವೆಂದರೆ ಸುಳ್ಳಾದೀತು. ಸಂಜೆ ಮನೆಗಳಲ್ಲಿ ದೀಪ ಹೊತ್ತುವ ಹೊತ್ತಿನಲ್ಲಿ ಅದು ಬಹಳವಾಗಿ ಕಾಡುತ್ತಿತ್ತು, ಈಗಲೂ ಕಾಡುತ್ತದೆ. ಲೋಕದಿಂದ ದೂರ ಸರಿದವನಿಗೂ ತಾನೆಲ್ಲಿದ್ದೇನೆಂದು ತಿಳಿದ ಒಬ್ಬರಾದರೂ ಇರಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ. ಅದಕ್ಕಾಗಿ ವಾರಕ್ಕೊಮ್ಮೆ ತಂಗಿಗೆ ಫೋನ್ ಮಾಡುತ್ತೇನೆ. ಉಳಿದ ಸಂಜೆಗಳಲ್ಲಿ ಚಂದ್ರನಿಗಾಗಿ ಕಾಯುತ್ತೇನೆ. ಅವನು ದಿನದಿಂದ ದಿನಕ್ಕೆ ಸರಾಸರಿ 50 ನಿಮಿಷ ತಡವಾಗಿ ಹುಟ್ಟುವುದರಿಂದ, ಹುಣ್ಣಿಮೆ ಕಳೆದ ಮೇಲೆ ನನ್ನ ಕಾಯುವಿಕೆಯೂ ರಾತ್ರಿಯಿಂದ ರಾತ್ರಿಗೆ ಉದ್ದವಾಗುತ್ತ ಹೋಗುತ್ತದೆ.